ಕಾದಂಬರಿಯ ಕಪಾಟಿಗೆ ಬೇಕಾದ ಕೈಪಿಡಿ

ಆತ್ಮೀಯ ಕೇಳುಗರಿಗೆ ನಮಸ್ಕಾರ.

ಕಾಸರಗೋಡು ಮತ್ತು ಮಂಜೇಶ್ವರ ತಾಲೂಕುಗಳ ಹಳೆಯ ಗ್ರಂಥಾಲಯಗಳಲ್ಲಿ ಕನ್ನಡದ ಕಪಾಟನ್ನು ನೋಡಿದವರಿಗೆ ಒಂದು ಸಂಗತಿ ಗೊತ್ತಿರುತ್ತದೆ. ಬೆನ್ನು ಸವೆದು, ರಟ್ಟು ಕಿತ್ತು, ಮತ್ತೆ ಬೈಂಡು ಮಾಡಿಸಿಕೊಂಡು ನಿಂತಿರುವ ಪುಸ್ತಕಗಳಲ್ಲಿ ಹೆಚ್ಚಿನವು ಸಾಮಾಜಿಕ, ಐತಿಹಾಸಿಕ ಮತ್ತು ಪತ್ತೇದಾರಿ ಕಾದಂಬರಿಗಳು. ನಮ್ಮ ಊರುಗಳಲ್ಲಿ ಓದುವ ಅಭ್ಯಾಸವನ್ನು ಬೆಳೆಸಿದ್ದು ಇವೇ. ಆದರೆ ಈ ಕಾದಂಬರಿಗಳ ಬಗ್ಗೆ ಓದುಗನೊಬ್ಬ ಪ್ರಶ್ನೆ ಕೇಳಿದರೆ ತೆರೆದು ನೋಡಿ ಉತ್ತರ ಹೇಳಬಹುದಾದ ಪರಾಮರ್ಶನ ಗ್ರಂಥವೊಂದು ಗ್ರಂಥಪಾಲಕರ ಮೇಜಿನ ಮೇಲೆ ಕಾಣಸಿಗುವುದಿಲ್ಲ. ಅಂಥ ಒಂದು ಗ್ರಂಥ ಏಕೆ ಬೇಕು, ಅದು ಹೇಗಿರಬೇಕು ಎಂಬುದನ್ನು ಇಂದು ನಿಮ್ಮ ಮುಂದಿಡುತ್ತೇನೆ.

ಪರಾಮರ್ಶನ ಗ್ರಂಥಗಳ ವಿಷಯದಲ್ಲಿ ಕನ್ನಡ ಬಡವಾದ ಭಾಷೆಯಲ್ಲ. ಕಿಟ್ಟೆಲರ ನಿಘಂಟು 1894ರಲ್ಲಿ ನಮ್ಮ ನೆರೆಯ ಮಂಗಳೂರಿನಲ್ಲೇ ಅಚ್ಚಾಯಿತು. ಆರ್. ನರಸಿಂಹಾಚಾರ್ಯರ ‘ಕರ್ಣಾಟಕ ಕವಿಚರಿತೆ’ಯ ಮೂರು ಸಂಪುಟಗಳು 1907ರಿಂದ 1929ರ ನಡುವೆ ಹೊರಬಂದವು. ತಾಳೆಗರಿಯಲ್ಲಿ ಉಳಿದಿದ್ದ ಕವಿಯೊಬ್ಬನ ಕಾಲ, ಮತ, ಕೃತಿಗಳು, ಅವನನ್ನು ಸ್ಮರಿಸಿದ ಇತರ ಕವಿಗಳು, ಇವೆಲ್ಲವನ್ನೂ ಅಲ್ಲಿ ಹುಡುಕಿ ಓದಬಹುದು. ಆದರೆ ಐವತ್ತು ಅರುವತ್ತು ವರ್ಷಗಳ ಹಿಂದೆ ಮನೆಮನೆಯಲ್ಲಿ ಓದಿಸಿಕೊಂಡ ಕಾದಂಬರಿಕಾರರಲ್ಲಿ ಅನೇಕರ ಕೃತಿಗಳ ಪೂರ್ಣ ಪಟ್ಟಿಯೂ ಸುಲಭವಾಗಿ ಕೈಗೆ ಸಿಗದು. ಎಲ್ಲರೂ ಓದಿದ್ದಾರೆ, ದಾಖಲಿಸುವ ಅಗತ್ಯವೇನು ಎಂಬ ಭಾವನೆ ಇದಕ್ಕೆ ಕಾರಣವಿರಬಹುದು. ಜನಪ್ರಿಯವಾದುದನ್ನು ವಿದ್ವತ್ತಿನ ಅಂಗಳಕ್ಕೆ ಬಿಟ್ಟುಕೊಳ್ಳಲು ನಮಗಿರುವ ಹಿಂಜರಿಕೆಯೂ ಅಷ್ಟೇ ದೊಡ್ಡ ಕಾರಣವೆಂದು ನನ್ನ ಅಭಿಪ್ರಾಯ.

ಈ ಹಿಂಜರಿಕೆ ಬೇರೆ ದೇಶಗಳಲ್ಲೂ ಇತ್ತು. ಸಾರ್ವಜನಿಕರ ಹಣದಿಂದ ನಡೆಯುವ ಗ್ರಂಥಾಲಯದಲ್ಲಿ ಹಗುರವಾದ ಕಾದಂಬರಿಗಳಿಗೆ ಎಡೆಯಿರಬೇಕೇ ಎಂಬ ವಾದ ಹತ್ತೊಂಬತ್ತನೆಯ ಶತಮಾನದಲ್ಲಿ ಇಂಗ್ಲೆಂಡ್, ಅಮೆರಿಕಗಳಲ್ಲಿ ಬಹಳ ಕಾಲ ನಡೆಯಿತು. ವಾದ ನಡೆಯುತ್ತಿದ್ದಾಗಲೇ ಅಲ್ಲಿನ ಗ್ರಂಥಪಾಲಕರು ಓದುಗರಿಗೆ ಬೇಕಾದ ಸೂಚಿಗಳನ್ನು ಸಿದ್ಧಪಡಿಸಿದರು. ಬಾಸ್ಟನ್ ನಗರದ ಸಾರ್ವಜನಿಕ ಗ್ರಂಥಾಲಯ 1870ರ ದಶಕದಲ್ಲೇ ಐತಿಹಾಸಿಕ ಕಥನಗಳನ್ನು ಅವು ಚಿತ್ರಿಸುವ ಕಾಲದ ಅನುಕ್ರಮದಲ್ಲಿ ಜೋಡಿಸಿ ಪ್ರಕಟಿಸಿತು. 1908ರಲ್ಲಿ ಅಮೆರಿಕದ ಪ್ರಕಾಶನ ಸಂಸ್ಥೆ ವಿಲ್ಸನ್‌ನ ‘ಫಿಕ್ಷನ್ ಕ್ಯಾಟಲಾಗ್’ ಎಂಬ ಕಾದಂಬರಿಗಳ ಸೂಚಿ ಬಂತು. 1982ರಲ್ಲಿ ಅಮೆರಿಕದ ಗ್ರಂಥಾಲಯ ಶಾಸ್ತ್ರದ ಅಧ್ಯಾಪಕಿ ಬೆಟ್ಟಿ ರೋಸೆನ್‌ಬರ್ಗ್ ಅವರು ‘ಜೆನ್ರಿಫ್ಲೆಕ್ಟಿಂಗ್’ ಎಂಬ ಕೈಪಿಡಿಯಲ್ಲಿ ಪತ್ತೇದಾರಿ, ಪ್ರಣಯ, ವಿಜ್ಞಾನ, ಭಯಾನಕ ಎಂದು ಕಾದಂಬರಿಗಳನ್ನು ಅವುಗಳ ಬಗೆಗೆ ತಕ್ಕಂತೆ ವಿಂಗಡಿಸಿದರು. ತನ್ನ ಓದಿನ ರುಚಿಗಾಗಿ ಯಾರೂ ಕ್ಷಮೆ ಕೇಳಬೇಕಾಗಿಲ್ಲ ಎಂಬುದು ಅವರ ನಿಲುವಾಗಿತ್ತು. ಒಂದು ಕಾದಂಬರಿಯನ್ನು ಮೆಚ್ಚಿದವರಿಗೆ ಅದೇ ಬಗೆಯ ಮತ್ತೊಂದನ್ನು ತೋರಿಸಿಕೊಡುವುದು ಇಂಥ ಗ್ರಂಥಗಳ ಮುಖ್ಯ ಉಪಯೋಗ.

ನಮ್ಮ ಗ್ರಂಥಾಲಯಗಳಲ್ಲಿಯೂ ಓದುಗರು ಕೇಳುವುದು ಅದನ್ನೇ. “ಇಂಥದೇ ಇನ್ನೊಂದು ಉಂಟಾ?” ಎಂದು ಪುಸ್ತಕ ಹಿಂದಿರುಗಿಸುತ್ತಾ ಕೇಳುತ್ತಾರೆ. ಪುಸ್ತಕಗಳನ್ನು ವಿಷಯವಾರು ಅಂಕಿಗಳಿಂದ ವಿಂಗಡಿಸುವ ಡ್ಯೂಯಿ ವರ್ಗೀಕರಣದ 894.8143 ಎಂಬ ಸಂಖ್ಯೆ ಅದು ಕನ್ನಡ ಕಾದಂಬರಿ ಎಂಬಷ್ಟನ್ನು ಮಾತ್ರ ಹೇಳುತ್ತದೆ. ಅದು ಕೂಡುಕುಟುಂಬದ ಕಥೆಯೋ, ಕೊಲೆಯ ತನಿಖೆಯೋ, ಪಾಳೆಯಗಾರರ ಚರಿತ್ರೆಯೋ ಎಂಬುದು ಆ ಸಂಖ್ಯೆಯಿಂದ ತಿಳಿಯದು.

ಇನ್ನೂ ಸೂಕ್ಷ್ಮವಾದ ತೊಡಕುಗಳಿವೆ. ತ.ರಾ.ಸು. ಅವರ ಚಿತ್ರದುರ್ಗದ ಕಾದಂಬರಿಗಳಲ್ಲಿ ‘ಕಂಬನಿಯ ಕುಯಿಲು’ ಮೊದಲನೆಯದು, ‘ರಕ್ತರಾತ್ರಿ’ ಎರಡನೆಯದು, ‘ತಿರುಗುಬಾಣ’ ಮೂರನೆಯದು. ಕಪಾಟಿನಲ್ಲಿ ಎರಡನೆಯದು ಮಾತ್ರ ಇದ್ದಾಗ ಅದನ್ನೇ ಮೊದಲು ಓದಿ, ಕಥೆಯ ತಲೆ ಬುಡ ತಿಳಿಯದೆ ಮರಳಿಸುವ ಓದುಗನಿಗೆ ಈ ಅನುಕ್ರಮವನ್ನು ಹೇಳುವವರು ಬೇಕು. ರಿಜಿಸ್ಟರಿನಲ್ಲಿ ಒಬ್ಬರೇ ಲೇಖಕರು ಒಂದೆಡೆ ಅ.ನ.ಕೃ., ಇನ್ನೊಂದೆಡೆ ಕೃಷ್ಣರಾವ್ ಎಂದು ನಮೂದಾಗಿದ್ದರೆ ಅವರ ಪುಸ್ತಕಗಳೂ ಎರಡು ಕಡೆ ಚದುರಿಹೋಗುತ್ತವೆ. ತ್ರಿವೇಣಿ ಎಂಬುದು ಅನಸೂಯಾ ಶಂಕರ್ ಅವರ ಕಾವ್ಯನಾಮ ಎಂಬುದು ಇಂದಿನ ಎಳೆಯರಿಗೆ ತಿಳಿದಿರಬೇಕೆಂದಿಲ್ಲ.

ವಾರಪತ್ರಿಕೆಗಳಲ್ಲಿ ಬಂದ ಧಾರಾವಾಹಿಗಳ ಕಥೆಯಂತೂ ಬೇರೆಯೇ. 1965ರಲ್ಲಿ ‘ಸುಧಾ’, 1983ರಲ್ಲಿ ಮಣಿಪಾಲದಿಂದ ‘ತರಂಗ’ ಆರಂಭವಾದ ಮೇಲೆ, ವಾರ ವಾರ ಬರುತ್ತಿದ್ದ ಕಂತುಗಳನ್ನು ಕತ್ತರಿಸಿ, ಕ್ರಮವಾಗಿ ಜೋಡಿಸಿ, ಹಿಟ್ಟಿನ ಅಂಟು ಹಚ್ಚಿ ರಟ್ಟು ಹಾಕಿಸಿಟ್ಟುಕೊಳ್ಳುವುದು ನಮ್ಮ ಮನೆಗಳಲ್ಲಿ ರೂಢಿಯಾಗಿತ್ತು. ಹಿರಿಯರ ಕಾಲಾನಂತರ ಅಂಥ ಎಷ್ಟೋ ಬೈಂಡುಗಳು ಗ್ರಂಥಾಲಯಗಳಿಗೆ ದಾನವಾಗಿ ಬಂದಿವೆ. ಅವುಗಳಿಗೆ ಮುಖಪುಟವಿಲ್ಲ, ಪ್ರಕಾಶಕರ ಹೆಸರಿಲ್ಲ. ಕೆಲವದರಲ್ಲಿ ಮೊದಲ ಕಂತೇ ಇಲ್ಲದೆ ಲೇಖಕರಾರೆಂಬುದೂ ತಿಳಿಯುವುದಿಲ್ಲ. ಹಾಳೆಯ ಹಿಂಬದಿಯಲ್ಲಿ ಅರ್ಧಕ್ಕೆ ಕತ್ತರಿಸಿಹೋದ ಜಾಹೀರಾತಿನಿಂದ ವರ್ಷವನ್ನು ಊಹಿಸಬೇಕು. ಯಾವ ಕಾದಂಬರಿ ಯಾವ ಪತ್ರಿಕೆಯಲ್ಲಿ ಯಾವಾಗ ಧಾರಾವಾಹಿಯಾಗಿ ಬಂತು, ಆಮೇಲೆ ಪುಸ್ತಕವಾಯಿತೇ ಎಂಬ ಮಾಹಿತಿ ಒಂದು ಕಡೆ ಸಿಗುವಂತಾದರೆ ಈ ಅನಾಥ ಬೈಂಡುಗಳಿಗೆ ಹೆಸರು ಬರುತ್ತದೆ. ತೆಲುಗಿನಿಂದ ಬಂದು ಕನ್ನಡದವೇ ಎಂಬಷ್ಟು ಆಪ್ತವಾದ ಯಂಡಮೂರಿ ವೀರೇಂದ್ರನಾಥರ ಕಾದಂಬರಿಗಳಿಗೆ ಮೂಲದ ಹೆಸರನ್ನೂ ಅನುವಾದಕರ ಹೆಸರನ್ನೂ ಸೇರಿಸಬೇಕು.

ಈ ಅಗತ್ಯ ಕಾಸರಗೋಡಿನಲ್ಲಿ ಹೆಚ್ಚು. 1948ರ ಮದರಾಸು ಸಾರ್ವಜನಿಕ ಗ್ರಂಥಾಲಯ ಕಾಯಿದೆ ಜಾರಿಗೆ ಬಂದಾಗ ನಾವು ದಕ್ಷಿಣ ಕನ್ನಡ ಜಿಲ್ಲೆಯೊಂದಿಗೆ ಆ ಪ್ರಾಂತದಲ್ಲೇ ಇದ್ದೆವು. 1956ರಲ್ಲಿ ಕೇರಳಕ್ಕೆ ಸೇರಿದೆವು, ಈಗ ನಮ್ಮ ಗ್ರಂಥಾಲಯಗಳಿಗೆ ಕೇರಳದ 1989ರ ಕಾಯಿದೆ ಅನ್ವಯಿಸುತ್ತದೆ. ಕರ್ನಾಟಕದ ಗ್ರಂಥಾಲಯ ಇಲಾಖೆಯ ಸಗಟು ಖರೀದಿ ಆ ರಾಜ್ಯದ ಗ್ರಂಥಾಲಯಗಳಿಗಾಗಿ ಇರುವಂಥದು. ನಮ್ಮವರು ಕೇರಳದ ಲೈಬ್ರರಿ ಕೌನ್ಸಿಲ್ಲಿನ ಅನುದಾನದಲ್ಲಿ ಕನ್ನಡ ಪುಸ್ತಕಗಳನ್ನು ತಾವೇ ಆರಿಸಿಕೊಳ್ಳಬೇಕು. ಆರಿಸುವ ಗ್ರಂಥಪಾಲಕರು ಮಲಯಾಳ ಮಾತ್ರ ಓದಬಲ್ಲವರಾಗಿರುವುದೂ ಉಂಟು. ಅವರ ಶ್ರದ್ಧೆಯಲ್ಲಿ ಕೊರತೆಯಿಲ್ಲ, ಕೈಯಲ್ಲಿ ಸಾಧನವಿಲ್ಲ.

ಗ್ರಂಥಾಲಯದಿಂದ ಮನೆಮನೆಗೆ ಪುಸ್ತಕ ತಲುಪಿಸುವ ಮಹಿಳೆಯರ ಕಷ್ಟವನ್ನು ಗಮನಿಸಿರಿ. ಅವರು ಚೀಲದಲ್ಲಿ ಒಯ್ಯುವ ಕೆಲವೇ ಪುಸ್ತಕಗಳಲ್ಲಿ ಬದಿಯಡ್ಕದ ಅಥವಾ ಪೆರ್ಲದ ಒಳಭಾಗದ ಅಜ್ಜಿಯೊಬ್ಬರಿಗೆ ಹಿಡಿಸುವಂಥದೂ ಇರಬೇಕು, ಬೀಡಿ ಕಟ್ಟುತ್ತಾ ಬಿಡುವಿನಲ್ಲಿ ಓದುವ ಹೆಂಗಸಿಗೆ ಬೇಕಾದದ್ದೂ ಇರಬೇಕು. ಆ ಓದುಗರಿಗೆ ಕಪಾಟನ್ನು ನೋಡಿ ಆರಿಸುವ ಅವಕಾಶವಿಲ್ಲ. ಎಸ್. ಆರ್. ರಂಗನಾಥನ್ ಅವರು 1931ರಲ್ಲಿ ಪ್ರಕಟಿಸಿದ ಗ್ರಂಥಾಲಯ ಶಾಸ್ತ್ರದ ಐದು ಸೂತ್ರಗಳಲ್ಲಿ ಪ್ರತಿ ಓದುಗನಿಗೂ ಅವನ ಪುಸ್ತಕ ಸಿಗಬೇಕು, ಪ್ರತಿ ಪುಸ್ತಕಕ್ಕೂ ಅದರ ಓದುಗ ಸಿಗಬೇಕು ಎಂಬ ಎರಡು ಸೂತ್ರಗಳು ಪಾಲನೆಯಾಗುವುದು ಈ ಚೀಲ ತುಂಬುವ ಹೊತ್ತಿನಲ್ಲಿ.

ಆದ್ದರಿಂದ ಕೈಪಿಡಿಯ ಒಂದೊಂದು ನಮೂದಿನಲ್ಲೂ ಕಾದಂಬರಿಯ ಹೆಸರು, ಲೇಖಕರ ನಿಜನಾಮ ಮತ್ತು ಕಾವ್ಯನಾಮ, ಮೊದಲ ಮುದ್ರಣದ ವರ್ಷ, ಧಾರಾವಾಹಿಯಾಗಿದ್ದರೆ ಪತ್ರಿಕೆಯ ಹೆಸರು, ಮಾಲಿಕೆಯಲ್ಲಿ ಅದರ ಸ್ಥಾನ, ಕಥೆಯ ಬಗೆ, ತಿರುಳನ್ನು ಹೇಳುವ ಎರಡು ವಾಕ್ಯ ಇರಬೇಕು. ಪತ್ತೇದಾರಿ ಕಾದಂಬರಿಯಾದರೆ ಕೊನೆಯನ್ನು ಬಿಟ್ಟುಕೊಡಬಾರದು. ಹೆಸರುಗಳನ್ನು ಮಲಯಾಳ ಲಿಪಿಯಲ್ಲೂ ಕೊಡಬೇಕು. ಊರುಗಳ ಸೂಚಿಯೊಂದಿರಬೇಕು. ಕಯ್ಯೂರಿನ ರೈತ ಹೋರಾಟವನ್ನು ಕುರಿತು ನಿರಂಜನರು ಬರೆದ ‘ಚಿರಸ್ಮರಣೆ’ ತನ್ನದೇ ಜಿಲ್ಲೆಯ ಕಥೆಯೆಂದು ನಮ್ಮ ವಿದ್ಯಾರ್ಥಿಗೆ ಅದರಿಂದ ತಿಳಿಯುತ್ತದೆ.

ಇಷ್ಟನ್ನೂ ಒಬ್ಬರೇ ಮಾಡಲಾಗದು. ಕಾಸರಗೋಡು ಸರಕಾರಿ ಕಾಲೇಜಿನ ಕನ್ನಡ ವಿಭಾಗದಂಥ ಕಡೆಗಳಲ್ಲಿ ವಿದ್ಯಾರ್ಥಿಗಳು ತಮ್ಮ ತಮ್ಮ ಊರಿನ ಗ್ರಂಥಾಲಯದ ಕಪಾಟನ್ನು ಒಂದು ರಜೆಯಲ್ಲಿ ಪಟ್ಟಿ ಮಾಡಬಹುದು. ಹಳೆಯ ಇಶ್ಯೂ ರಿಜಿಸ್ಟರುಗಳನ್ನು ತೂಕಕ್ಕೆ ಹಾಕದೆ ಉಳಿಸಿಕೊಂಡರೆ, ಯಾವ ಕಾದಂಬರಿ ಎಷ್ಟು ಕೈ ದಾಟಿತೆಂಬುದಕ್ಕೂ ಸಾಕ್ಷಿ ಸಿಗುತ್ತದೆ. ನಿಮ್ಮ ಮನೆಯ ಅಟ್ಟದಲ್ಲಿ ಧಾರಾವಾಹಿಯ ಬೈಂಡುಗಳಿದ್ದರೆ, ಅವನ್ನು ಓದಿದ ಹಿರಿಯರು ಇರುವಾಗಲೇ ಪತ್ರಿಕೆಯ ಹೆಸರನ್ನೂ ವರ್ಷವನ್ನೂ ಕೇಳಿ ತಿಳಿದು, ರಟ್ಟಿನ ಒಳಬದಿಯಲ್ಲಿ ಬರೆದು, ಹತ್ತಿರದ ಗ್ರಂಥಾಲಯಕ್ಕೆ ತಲುಪಿಸಬೇಕೆಂದು ಕೇಳಿಕೊಳ್ಳುತ್ತೇನೆ. ನಮಸ್ಕಾರ.