ಗೆರೆ ಹೊರಗಿನ ಆಟ: ದಾವಣಗೆರೆಯಲ್ಲಿ ಬ್ಯಾಸ್ಕೆಟ್‌ಬಾಲ್ ಮ್ಯಾಚ್ ದಿನ

ಮ್ಯಾಚ್ ಇರೋದು ಸಂಜೆ ಆರಕ್ಕೆ. ಅಲಾರಂ ಹೊಡೆಯೋದು ಮಾತ್ರ ಬೆಳಗಿನ ಜಾವ ನಾಲ್ಕೂಕಾಲಕ್ಕೆ.

ಏಪ್ರಿಲ್, ಮೇ ಅಂದ್ರೆ ದಾವಣಗೆರೆ ಕಡೆ ಪರೀಕ್ಷೆ ಮುಗಿದು ಟೂರ್ನಿಗಳು ಏಳೋ ಹೊತ್ತು. ಅಮೆರಿಕದ ದೊಡ್ಡ ಬ್ಯಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ ಪ್ಲೇಆಫ್, ಅಂದ್ರೆ ಕೊನೇ ಹಂತದ ಸರಣಿಗಳು, ನಡೆಯೋದೂ ಆಗಲೇ. ಅಲಾರಂ ಅದನ್ನ ನೋಡೋಕೆ. ನ್ಯೂಯಾರ್ಕ್ ಗಡಿಯಾರಕ್ಕೆ ಬೇಸಿಗೆಯಲ್ಲಿ ಒಂಬತ್ತೂವರೆ ಗಂಟೆ ಕೂಡಿಸ್ರಿ, ಚಳಿಗಾಲದಲ್ಲಿ ಹತ್ತೂವರೆ. ಅಲ್ಲಿ ಸಂಜೆ 7ರ ಮ್ಯಾಚ್ ಈಗ ನಮಗೆ ಬೆಳಿಗ್ಗೆ 4.30ಕ್ಕೆ, ಡಿಸೆಂಬರ್‌ನಲ್ಲಾದ್ರೆ 5.30ಕ್ಕೆ. ಎಡವೋದು ಮಾರ್ಚ್‌ನಲ್ಲಿ. ಆ ತಿಂಗಳ ಎರಡನೇ ಭಾನುವಾರ ಅವರು ಗಡಿಯಾರನ ಒಂದು ಗಂಟೆ ಮುಂದಕ್ಕೆ ತಿರುಗಿಸ್ತಾರೆ, ನಾವು ತಿರುಗಿಸಲ್ಲ. ಹಳೇ ಅಲಾರಂ ನಂಬಿ ಮಲಗಿದವನು ಫೋನ್ ತೆಗೆಯೋ ಹೊತ್ತಿಗೆ ಅರ್ಧ ಆಟ ಹತ್ತಿರ ಬಂದಿರುತ್ತೆ. ನವೆಂಬರ್ ಮೊದಲ ಭಾನುವಾರ ಇದರ ಉಲ್ಟಾ: ಒಂದು ಗಂಟೆ ಮೊದಲೇ ಎದ್ದು ಖಾಲಿ ಸ್ಕ್ರೀನ್ ನೋಡ್ತಾ ಆಕಳಿಸೋದು.

ಹೆಸರಿಗೆ 48 ನಿಮಿಷದ ಆಟ, ಎಳೆಯೋದು ಎರಡೂಕಾಲು ಗಂಟೆ ಮೇಲೆ. ಮುಗಿಯೋ ಹೊತ್ತಿಗೆ ಬೆಣ್ಣೆ ದೋಸೆ ಹಂಚು ಕಾದಿರುತ್ತೆ. ದೋಸೆ ವಿಷಯ ಈ ವಿಡಿಯೊದಲ್ಲಿ ಎತ್ತಲ್ಲ, ಎತ್ತಿದ್ರೆ ಬಾಲ್ ಪಕ್ಕಕ್ಕೆ ಹೋಗುತ್ತೆ. ಆದ್ರೆ ಸಂಜೆಗೆ ಬಡಿಯೋ ಹಲಗೆ ಯಾರು ತರಬೇಕು, ಗೋಣಿತಾಟು ಯಾರು ನೆನೆಸಬೇಕು, ಯಾವ ಕಡೆ ಕೂರಬೇಕು, ಇವೆಲ್ಲ ತೀರ್ಮಾನ ಆಗೋದು ಆ ದೋಸೆ ಟೇಬಲ್ ಮೇಲೆನೇ. ಬೆಳಿಗ್ಗೆ ಟಿವಿಯಲ್ಲಿ ನೋಡಿದ್ದನ್ನ ಸಂಜೆ ಸಿಮೆಂಟ್ ಕೋರ್ಟ್ ಪಕ್ಕದಲ್ಲಿ ಮಾಡೋಕೆ ಹೋದ್ರೆ ಅರ್ಧದಷ್ಟು ಕೆಲಸಕ್ಕೇ ಬರಲ್ಲ. ಯಾವುದು ಬರುತ್ತೆ, ಯಾವುದು ಬರಲ್ಲ, ಬರ್ರಿ ಕೋರ್ಟಿಗೇ ಹೋಗಿ ನೋಡೋಣ.

ಮಧ್ಯಾಹ್ನ ಮೂರೂವರೆ. ಈಗ ಕಾಣ್ತಿರೋ ಇಬ್ಬರು ಆಟಗಾರರಲ್ಲ, ನೋಡೋಕೆ ಬಂದೋರು. 28 ಮೀಟರ್ ಉದ್ದ, 15 ಮೀಟರ್ ಅಗಲದ ಅಂಗಳ. ಮೊದಲು ಒಣ ಪೊರಕೆ, ಆಮೇಲೆ ನೀರು. ಈ ಕ್ರಮ ತಪ್ಪಿದ್ರೆ ಧೂಳು ಹೋಗಲ್ಲ, ಕೆಸರಾಗಿ ಸಿಮೆಂಟಿನ ಸಣ್ಣ ಗುಂಡಿಗಳಲ್ಲಿ ಕೂತುಬಿಡುತ್ತೆ. ಒಣಗಿದ ಮೇಲೆ ಅದೇ ಪುಡಿಯಾಗಿ ಎದ್ದು ಶೂ ಜಾರುತ್ತೆ. ನೀರು ಹಾಕೋದಿದ್ರೆ ನಾಲ್ಕು ಗಂಟೆ ಒಳಗೇ ಹಾಕಬೇಕು, ಬಿಸಿಲಿದ್ದಾಗ. ಸಂಜೆ ಐದೂವರೆಗೆ ಬಕೆಟ್ ಹಿಡಿದು ಬರೋ ಉತ್ಸಾಹಿಗಳನ್ನ ಗೇಟಲ್ಲೇ ತಡೀರಿ. ಆ ಹೊತ್ತಲ್ಲಿ ಬೇಕಾಗೋದು ಹಿಂಡಿದ ಗೋಣಿತಾಟು: ಇಬ್ಬರು ಎರಡು ತುದಿ ಹಿಡಿದು ಒಂದೇ ದಿಕ್ಕಿಗೆ ಎಳ್ಕೊಂಡು ಹೋಗಬೇಕು, ಅಷ್ಟೇ. ಆಟದ ನಾಲ್ಕು ಭಾಗಗಳ, ಅಂದ್ರೆ ಕ್ವಾರ್ಟರ್‌ಗಳ, ಮಧ್ಯೆ ಸಿಗೋ ಎರಡು ನಿಮಿಷದಲ್ಲಿ ರಿಂಗ್ ಕೆಳಗಿನ ಜಾಗಕ್ಕೆ ಇನ್ನೊಂದು ಸಲ.

ಆಮೇಲೆ ನೆಟ್. ರಿಂಗ್‌ಗೆ ಹನ್ನೆರಡು ಕಡೆ ಸಿಕ್ಕಿಸಬೇಕು, ಎರಡು ಕಿತ್ತಿದ್ರೂ ಇವತ್ತೇ ಕಟ್ಟಿಬಿಡಿ. ನೆಟ್ ಇಲ್ಲದ ರಿಂಗ್‌ನಲ್ಲಿ ಬಾಲ್ ಒಳಗಿಂದ ಬಿತ್ತೋ ಹೊರಗಿಂದ ಹೋಯ್ತೋ ಅಂತ ಇಡೀ ಸಂಜೆ ಜಗಳ. ಜಗಳ ಆಡೋರು ಆಟಗಾರರಿಗಿಂತ ಜಾಸ್ತಿ ಇತ್ತ ಕಟ್ಟೆ ಮೇಲೆ ಕೂತೋರೇ. ಅದೂ ಅಲ್ಲದೆ, ಬಾಲ್ ನೆಟ್ ಸೀಳ್ಕೊಂಡು ಇಳಿಯೋ ಆ ‘ಸ್ವಿಶ್’ ಸದ್ದು ಇಲ್ಲದಿದ್ರೆ ಮೂರು ಪಾಯಿಂಟ್ ಶಾಟ್ ಬಿದ್ದ ಹಾಗೇ ಅನಿಸಲ್ಲ.

ಈಗ ಮುಖ್ಯ ವಿಷಯ, ಕೂರೋ ಜಾಗ. ಹೆಚ್ಚಿನೋರು ಸ್ಕೋರ್ ಬರೆಯೋರ ಟೇಬಲ್ ಎದುರಿಗಿನ ಉದ್ದ ಗೆರೆ ಪಕ್ಕ ಕೂರ್ತಾರೆ, ಆಟ ಚೆನ್ನಾಗಿ ಕಾಣುತ್ತೆ ಅಂತ. ಆದ್ರೆ ಆಟಕ್ಕೆ ಕೈ ಹಾಕಬೇಕು ಅನ್ನೋರು ಲೆಕ್ಕ ಹಾಕ್ತಾರೆ. ಅರ್ಧ ಆಟ ಮುಗಿದ ಮೇಲೆ ತಂಡಗಳು ರಿಂಗ್ ಬದಲಾಯಿಸ್ತಾವೆ. ಮೂರನೇ, ನಾಲ್ಕನೇ ಕ್ವಾರ್ಟರ್, ಟೈ ಆದ್ರೆ ಐದೈದು ನಿಮಿಷದ ಹೆಚ್ಚುವರಿ ಆಟ, ಎಲ್ಲಾ ಅದೇ ದಿಕ್ಕಿಗೆ. ಹಾಗಾಗಿ ದ್ವಿತೀಯಾರ್ಧದಲ್ಲಿ ಎದುರಾಳಿ ಯಾವ ರಿಂಗ್‌ಗೆ ಹೊಡೀತಾರೋ ಅದರ ಹಿಂದೆ ಗುಂಪು ಇರಬೇಕು. ಕೊನೇ ಎರಡು ನಿಮಿಷದಲ್ಲಿ ಅವರ ಫ್ರೀ ಥ್ರೋ (ಫೌಲ್ ಆದಾಗ ಅಡ್ಡಿ ಇಲ್ಲದೆ ನಿಂತು ಹೊಡೆಯೋ ಶಾಟ್) ಎಲ್ಲಾ ಅಲ್ಲೇ ಬೀಳೋದು, ಯಾಕಂದ್ರೆ ಒಂದು ಕ್ವಾರ್ಟರ್‌ನಲ್ಲಿ ತಂಡಕ್ಕೆ ನಾಲ್ಕು ಫೌಲ್ ಆದ ಮೇಲೆ ಮುಂದಿನ ಪ್ರತಿ ಡಿಫೆನ್ಸ್ ಫೌಲ್‌ಗೂ ಎರಡೆರಡು ಫ್ರೀ ಥ್ರೋ.

ಟಿವಿ ಮೋಸ ಮಾಡೋದು ಇಲ್ಲೇ. ಅರಿಜೋನಾ ಸ್ಟೇಟ್ ವಿಶ್ವವಿದ್ಯಾಲಯದ ವಿದ್ಯಾರ್ಥಿಗಳು 2013ರಲ್ಲಿ ಒಂದು ಪರದೆ ಶುರು ಮಾಡಿದ್ರು. ಎದುರಾಳಿ ಫ್ರೀ ಥ್ರೋಗೆ ನಿಂತ ತಕ್ಷಣ ರಿಂಗ್ ಹಿಂದೆ ಪರದೆ ಸರಿಯುತ್ತೆ, ಒಳಗಿಂದ ಯಾರೋ ವೇಷ ಹಾಕ್ಕೊಂಡು ಕುಣಿಯೋಕೆ ಶುರು ಮಾಡ್ತಾರೆ. ಅಲ್ಲಿ ಅದು ನಡೆಯೋಕೆ ಎರಡು ಕಾರಣ. ರಿಂಗ್ ಹಿಂದಿನ ಬೋರ್ಡ್ ಪಾರದರ್ಶಕ, ಹಿಂದಿನ ಕುರ್ಚಿಗಳು ಮೆಟ್ಟಿಲಾಗಿ ಮೇಲಕ್ಕೆ ಏರಿರ್ತಾವೆ. ಹೊಡೆಯೋನ ಕಣ್ಣಿಗೆ ರಿಂಗ್ ಹಿಂದೆಯೇ ಆ ಕುಣಿತ. ಇಲ್ಲಿ ನೋಡ್ರಿ: ಬಣ್ಣ ಬಳಿದ ಮರದ ಬೋರ್ಡ್, ಹಿಂದೆ ಸಪಾಟು ನೆಲ. ಬೋರ್ಡ್‌ನ ಕೆಳ ಅಂಚೇ 2.9 ಮೀಟರ್ ಮೇಲಿದೆ, ರಿಂಗ್ 3.05 ಮೀಟರ್. ಬೋರ್ಡ್‌ನಿಂದ 4.6 ಮೀಟರ್ ದೂರ ನಿಂತು ತಲೆ ಎತ್ತಿ ರಿಂಗ್ ನೋಡೋನಿಗೆ ಕೆಳಗೆ ಟವೆಲ್ ಬೀಸೋರು ಲೆಕ್ಕಕ್ಕೇ ಬರಲ್ಲ. ಕೈ ಬೀಸಿ ಬೀಸಿ ಭುಜ ನೋಯುತ್ತೆ, ಅವನು ಎರಡೂ ಹಾಕಿ ಹೋಗ್ತಾನೆ.

ಇಲ್ಲಿ ಕೆಲಸ ಮಾಡೋದು ಸದ್ದು. ಅದರಲ್ಲೂ ಒಂದೇ ಸಮನೆ ಕಿರುಚಾಟ ಅಲ್ಲ, ಅದಕ್ಕೆ ಆಟಗಾರನ ಕಿವಿ ಹತ್ತು ಸೆಕೆಂಡ್‌ನಲ್ಲಿ ಒಗ್ಗಿಬಿಡುತ್ತೆ. ರೆಫ್ರಿ ಬಾಲ್ ಕೈಗಿಟ್ಟ ಮೇಲೆ ಐದು ಸೆಕೆಂಡ್ ಒಳಗೆ ಹೊಡೀಬೇಕು ಅನ್ನೋ ನಿಯಮ ಇದೆ. ಪಳಗಿದ ಗುಂಪು ಆ ಐದನ್ನ ಗಟ್ಟಿಯಾಗಿ ಎಣಿಸುತ್ತೆ, ‘ಒಂದು… ಎರಡು…’ ಅಂತ, ನಿಜವಾದ ಸೆಕೆಂಡಿಗಿಂತ ಸ್ವಲ್ಪ ಬೇಗ. ಮೂರು ಸಲ ಬಾಲ್ ಬಡಿದು ಉಸಿರು ತಗೊಂಡು ಹೊಡೆಯೋ ಅಭ್ಯಾಸ ಇದ್ದವನು ಎರಡು ಸಲ ಬಡಿದು ಹೊಡೆದುಬಿಡ್ತಾನೆ. ಶಾಟ್ ಮೋಟಾಗಿ ರಿಂಗಿನ ಮುಂದಿನ ಅಂಚಿಗೆ ತಗಲುತ್ತೆ.

ಇದೇ ಎಣಿಕೆಗೆ ಇನ್ನೊಂದು ಮುಖ ಇದೆ. ಬಾಲ್ ಕೈಗೆ ಬಂದ ತಂಡ 24 ಸೆಕೆಂಡ್ ಒಳಗೆ ರಿಂಗ್‌ಗೆ ಹೊಡೀಬೇಕು ಅಂತ ನಿಯಮ. ಊರ ಟೂರ್ನಿಗಳಲ್ಲಿ ಆಟಗಾರರಿಗೆ ಕಾಣೋ ಶಾಟ್ ಕ್ಲಾಕ್ ಇರಲ್ಲ, ಟೇಬಲ್‌ನಲ್ಲಿ ಒಬ್ಬರು ಸ್ಟಾಪ್‌ವಾಚ್ ಹಿಡಿದು ಕೂತಿರ್ತಾರೆ. ಅದನ್ನೇ ಬಳಸ್ಕೊಂಡು ಗುಂಪು ಇನ್ನೂ ಹನ್ನೆರಡು ಸೆಕೆಂಡ್ ಇರುವಾಗಲೇ ‘ಐದು, ನಾಕು, ಮೂರು’ ಶುರು ಮಾಡುತ್ತೆ. ಎದುರಾಳಿ ಗಾಬರಿಯಾಗಿ ಅರ್ಧ ಅಂಗಳದಿಂದ ಎಸೀತಾನೆ. ಮಜಾ ಇದೆ, ಒಪ್ತೀವಿ. ಆದ್ರೆ ಮುಂದಿನ ಸಲ ನಮ್ಮ ತಂಡದ ಕೈಲಿ ಬಾಲ್ ಇದ್ದಾಗ ಗುಂಪು ನಿಜವಾಗಿಯೇ ಎಣಿಸಿದ್ರೂ ಅವರು ನಂಬಲ್ಲ. ಸುಳ್ಳು ಎಣಿಕೆ ಒಂದು ಮ್ಯಾಚ್‌ಗೆ ಒಂದು ಸಲ ಸಾಕು, ಅದೂ ನಾಲ್ಕನೇ ಕ್ವಾರ್ಟರ್‌ಗೆ ಉಳಿಸ್ಕೊಳ್ರಿ.

ಹಲಗೆ ಬಂತು. ಪೇಪರ್ ಉರಿಸಿ ಚರ್ಮ ಕಾಯಿಸ್ತಿದಾರೆ ನೋಡ್ರಿ, ಸುಮ್ನೆ ಬಿಟ್ರೆ ಸಡಿಲ ಆಗಿ ‘ದಪ್ ದಪ್’ ಅನ್ನುತ್ತೆ. ಕಾದ ಮೇಲೆ ಬೆರಳಲ್ಲಿ ತಟ್ಟಿದ್ರೆ ‘ಟಣ್’ ಅನ್ನಬೇಕು. ಟಿವಿಯ ‘ಡಿ-ಫೆನ್ಸ್’ ಕೂಗಿಗೆ ಇಲ್ಲಿ ಚಪ್ಪಾಳೆ ಬದಲು ಎರಡು ಹಲಗೆ ಏಟು. ಕೇಳೋಕೆ ಕುಸ್ತಿ ಕಣದ ನೆನಪು, ಅದು ಸಹಜ. ದುಗ್ಗಮ್ಮನ ಜಾತ್ರೆಯ ಕುಸ್ತಿ ನೋಡಿ ಬೆಳೆದ ಊರು ಇದು. ಆದ್ರೆ ಕುಸ್ತಿಯಲ್ಲಿ ಹಲಗೆ ಎಡೆಬಿಡದೆ ಬಡಿಯಬಹುದು, ಇಲ್ಲಿ ಆಗಲ್ಲ. ರೆಫ್ರಿ ಸೀಟಿ, ಟೇಬಲ್‌ನ ಹಾರ್ನ್, ಎರಡೂ ಆಟಗಾರರ ಕಿವಿಗೆ ಬೀಳಲೇಬೇಕು. ಸೀಟಿ ಕೇಳಿದ ಕ್ಷಣ ಕೋಲು ನಿಲ್ಲಬೇಕು, ಬಾಲ್ ಮತ್ತೆ ಒಳಗೆ ಬಂದ ಮೇಲೆ ಶುರು. ಹಾರ್ನ್ ಕೇಳದೆ ಸಮಯ ಮುಗಿದ ಮೇಲೂ ಆಟ ಮುಂದುವರಿದು ಬ್ಯಾಸ್ಕೆಟ್ ಬಿತ್ತು ಅಂದ್ರೆ ಆ ಸಂಜೆ ಮುಗೀತು ಅಂತಲೇ ಲೆಕ್ಕ. ಸ್ಪೀಕರ್‌ಗೂ ಇದೇ ಮಾತು: ಟೇಬಲ್ ಪಕ್ಕ ಬೇಡ, ಎದುರು ಮೂಲೆಗೆ ಇಟ್ಟು ಜನರ ಕಡೆ ತಿರುಗಿಸ್ರಿ. ಬೆರಳಿಟ್ಟು ಸೀಟಿ ಹೊಡೆಯೋದಂತೂ ಬೇಡವೇ ಬೇಡ. ನಮ್ಮ ಹುಡುಗನೇ ರೆಫ್ರಿ ಸೀಟಿ ಅಂತ ನಿಂತುಬಿಡ್ತಾನೆ, ಎದುರಾಳಿ ಬಾಲ್ ಕಿತ್ಕೊಂಡು ರಿಂಗ್ ಹತ್ತಿರಕ್ಕೇ ಓಡಿ ಹೋಗಿ ಲೇಅಪ್ ಹಾಕ್ತಾನೆ.

ಗಂಟೆ ತರೋರೂ ಇದಾರೆ, ಎತ್ತಿನ ಕೊರಳ ಗಂಟೆ. ಇದಕ್ಕೆ ದೂರದ ನೆಂಟಸ್ತಿಕೆ ಒಂದಿದೆ. ಎನ್‌ಬಿಎ ತಂಡ ಲೇಕರ್ಸ್‌ನ ಕೋಚ್ ಆಗಿದ್ದ ಫಿಲ್ ಜಾಕ್ಸನ್ ಸ್ಯಾಕ್ರಮೆಂಟೊ ಊರನ್ನ ದನದ ಊರು ಅಂತ ಹಂಗಿಸಿದ್ದಕ್ಕೆ ಅಲ್ಲಿನ ಕಿಂಗ್ಸ್ ತಂಡದ ಅಭಿಮಾನಿಗಳು ದನದ ಗಂಟೆಗಳನ್ನೇ ತಂದು ಅಲ್ಲಾಡಿಸಿದ್ರು, ಅದು ಆ ತಂಡದ ಗುರುತಾಗಿ ಉಳೀತು. 2019ರ ಅಕ್ಟೋಬರ್‌ನಲ್ಲಿ ಮುಂಬೈಗೆ ಬಂದು ಇಂಡಿಯಾನ ಪೇಸರ್ಸ್ ಜೊತೆ ಎರಡು ಪಂದ್ಯ ಆಡಿದ್ದೂ ಇದೇ ಕಿಂಗ್ಸ್. ಆ ತಂಡ 6ನೇ ನಂಬರ್ ಜೆರ್ಸಿನ ಯಾವ ಆಟಗಾರನಿಗೂ ಕೊಡದೆ ಅಭಿಮಾನಿಗಳಿಗೆ ಅಂತ ಎತ್ತಿಟ್ಟಿದೆ. ಅಂಗಳದಲ್ಲಿ ಐದು ಜನ, ಆರನೆಯವರು ಹೊರಗೆ ಕೂತೋರು ಅಂತ.

ಜನ ಇಲ್ಲದೆ ಆಡಿ ನೋಡಿದ್ದೂ ಆಯ್ತು. 2020ರಲ್ಲಿ ಕೋವಿಡ್ ಹೊತ್ತಿಗೆ ಎನ್‌ಬಿಎ ಸೀಸನ್‌ನ ಉಳಿದ ಆಟವನ್ನ ಆರ್ಲ್ಯಾಂಡೊದ ಒಂದೇ ಆವರಣದಲ್ಲಿ ಮುಗಿಸ್ತು. ಖಾಲಿ ಅಂಗಳದ ಸುತ್ತ ದೊಡ್ಡ ಪರದೆ, ಅದರಲ್ಲಿ ಮನೆಯಲ್ಲಿ ಕೂತ ಅಭಿಮಾನಿಗಳ ಮುಖ, ಜೊತೆಗೆ ರೆಕಾರ್ಡ್ ಮಾಡಿದ ಗದ್ದಲ. ಜನ ಇಲ್ಲ ಅಂತ ಗೊತ್ತಿದ್ರೂ ಗದ್ದಲನ ಹೊರಗಿಂದ ತಂದು ಹಾಕಬೇಕಾಯ್ತು!

ಗದ್ದಲದ ಮಾತು ಇಷ್ಟಾಯ್ತು, ಮೌನಕ್ಕೂ ಒಂದು ಕಾಲ ಇದೆ. ಇಂಡಿಯಾನದ ಟೇಲರ್ ವಿಶ್ವವಿದ್ಯಾಲಯದಲ್ಲಿ ಡಿಸೆಂಬರ್ ಪರೀಕ್ಷೆಗೆ ಮುಂಚಿನ ಒಂದು ಮ್ಯಾಚ್‌ಗೆ ವಿದ್ಯಾರ್ಥಿಗಳು ವೇಷ ಹಾಕ್ಕೊಂಡು ಬಂದು, ತಮ್ಮ ತಂಡ ಹತ್ತನೇ ಪಾಯಿಂಟ್ ಗಳಿಸೋವರೆಗೆ ಪಿಟಕ್ ಅನ್ನಲ್ಲ. ಹತ್ತು ಬಿತ್ತೋ, ಛಾವಣಿ ಹಾರಿಹೋಗೋ ಹಾಗೆ ಕೂಗ್ತಾರೆ. ಇಲ್ಲಿ ಅಷ್ಟೆಲ್ಲಾ ಕೇಳ್ತಿಲ್ಲ. ನಮ್ಮ ಹುಡುಗ ಫ್ರೀ ಥ್ರೋಗೆ ನಿಂತಾಗ ಐದೇ ಸೆಕೆಂಡ್ ಬಾಯಿ ಮುಚ್ಚಿದ್ರೆ ಸಾಕು. ಅದೇ ಆಗಲ್ಲ. ಮೊಣಕೈ ಇನ್ನೇನು ಬಿಚ್ಚಬೇಕು, ಹಿಂದಿಂದ ಒಬ್ಬರು ‘ಹಾಕಲೇ, ಟೆನ್ಷನ್ ತಗಾಬ್ಯಾಡ!’ ಅಂತಾರೆ. ಅಲ್ಲಿವರೆಗೆ ಟೆನ್ಷನ್ ಇರಲಿಲ್ಲ.

ಕುಸ್ತಿಯಿಂದ ಬಂದ ಇನ್ನೊಂದು ಅಭ್ಯಾಸ ಇನಾಮು. ‘ಈಗ ತ್ರೀ ಹಾಕಿದ್ರೆ ಇನ್ನೂರು ರೂಪಾಯಿ’ ಅಂತ ಮೈಕ್‌ನಲ್ಲಿ ಕೂಗಿಸ್ತಾರೆ. ಪ್ರೀತಿಯಿಂದಲೇ. ಆದ್ರೆ ಪೈಲ್ವಾನ ಗೆದ್ದ ಮೇಲೆ ಇನಾಮು ಕೊಡೋದು ಬೇರೆ, ಆಟದ ಮಧ್ಯೆ ಆಸೆ ತೋರಿಸೋದು ಬೇರೆ. ತ್ರೀ, ಅಂದ್ರೆ ಮೂರು ಪಾಯಿಂಟ್ ಶಾಟ್ ಹೊಡೆಯೋ ಗೆರೆ ರಿಂಗ್‌ನಿಂದ 6.75 ಮೀಟರ್. ರಿಂಗ್ ಕೆಳಗೆ ಒಬ್ಬನೇ ನಿಂತು ಕೈ ಎತ್ತಿರೋ ಗೆಳೆಯನನ್ನ ಬಿಟ್ಟು ಇವನು ಅಲ್ಲಿಂದ ಎತ್ತುತ್ತಾನೆ. ತಪ್ಪಿದ ತ್ರೀ ರಿಂಗ್‌ಗೆ ಬಡಿದು ದೂರ ಚಿಮ್ಮುತ್ತೆ, ಉದ್ದನೆ ರಿಬೌಂಡ್ ಎದುರಾಳಿ ಗಾರ್ಡ್ ಕೈಗೆ, ಅಲ್ಲಿಂದ ಸೀದಾ ಫಾಸ್ಟ್ ಬ್ರೇಕ್, ನಮ್ಮೋರು ಹಿಂದಕ್ಕೆ ಬರೋ ಮುಂಚೆಯೇ ಓಟ. ಇನ್ನೂರು ರೂಪಾಯಿಗೆ ಎರಡು ಪಾಯಿಂಟ್ ನಾವೇ ಕೊಟ್ಟ ಹಾಗೆ. ಕೊಡೋದಿದ್ರೆ ಅಸಿಸ್ಟ್‌ಗೆ, ಅಂದ್ರೆ ಬ್ಯಾಸ್ಕೆಟ್ ಹಾಕಿಸಿದ ಪಾಸ್‌ಗೆ ಕೊಡ್ರಿ, ಮ್ಯಾಚ್ ಮುಗಿದ ಮೇಲೆ.

ಇನ್ನು ಮಂಡಕ್ಕಿ. ದಾವಣಗೆರೆಯಲ್ಲಿ ಮಂಡಕ್ಕಿ-ಮಿರ್ಚಿ ಇಲ್ಲದೆ ಜನ ಸೇರಲ್ಲ, ಬೇಡ ಅನ್ನೋ ಅಧಿಕಾರ ಯಾರಿಗೂ ಇಲ್ಲ. ಆದ್ರೆ ಸಿಮೆಂಟ್ ಮೇಲೆ ಚೆಲ್ಲಿದ ಒಂದು ಹಿಡಿ ಮಂಡಕ್ಕಿ ಏನು ಮಾಡುತ್ತೆ ಅಂತ ಹತ್ತಿರದಿಂದ ನೋಡ್ರಿ. ಕಾಳು ಹಗುರ, ಗುಂಡಗೆ. ಶೂ ಅಡಿಗೆ ಸಿಕ್ಕಿದ್ರೆ ಮೊದಲು ಉರುಳುತ್ತೆ, ಆಮೇಲೆ ಪುಡಿಯಾಗುತ್ತೆ. ಉರುಳೋ ಆ ಅರ್ಧ ಕ್ಷಣದಲ್ಲೇ ಓಡಿ ಬಂದು ನಿಲ್ಲೋನ ಪಾದ ತಿರುಚೋದು. ಪೊಟ್ಟಣ ಬಿಚ್ಚೋದು ಗೆರೆಯಿಂದ ಎರಡು ಮೀಟರ್ ಹಿಂದೆ, ಗಾಳಿ ಅಂಗಳದ ಕಡೆ ಬೀಸ್ತಿದ್ರೆ ಇನ್ನೂ ಹಿಂದೆ. ಮಿರ್ಚಿ ಎಣ್ಣೆ ಇನ್ನೂ ಕಷ್ಟ. ಹೊರಗೆ ಬಂದ ಬಾಲ್‌ನ ಆ ಕೈಲಿ ಎತ್ತಿ ಕೊಟ್ರೆ, ಬಾಲ್ ಮೇಲಿನ ಹರಳು ಹರಳು ಹಿಡಿತದ ಮಧ್ಯೆ ಎಣ್ಣೆ ಧೂಳು ಸೇರಿ ಅಂಟಾಗುತ್ತೆ, ಮುಂದಿನ ಪಾಸ್ ಬೆರಳಿಂದ ಜಾರುತ್ತೆ. ಇಲ್ಲಿಯ ಕಟ್ಟಳೆ ಸರಳ: ತಿನ್ನೋರು ಬಾಲ್ ಮುಟ್ಟಂಗಿಲ್ಲ, ಪಕ್ಕದವರು ಎತ್ತಿ ಕೊಡ್ತಾರೆ. ಪೇಪರ್‌ಗೆ ಕೈ ಒರೆಸಿದ್ರೆ ಎಣ್ಣೆ ಹೋಗಲ್ಲ.

ಕತ್ತಲಾಯ್ತು, ಲೈಟ್ ಹತ್ತಿದ್ವು. ಮೇ ತಿಂಗಳಲ್ಲಿ ಒಂದು ಮಳೆ ಬಿದ್ದ ಮಾರನೇ ಸಂಜೆ ಆದ್ರೆ ಮಳೆಹುಳ ಮುತ್ತುತ್ತೆ, ರೆಕ್ಕೆ ಉದುರಿ ಅಂಗಳ ಪೂರ್ತಿ. ಕ್ವಾರ್ಟರ್ ಮಧ್ಯದ ಗೋಣಿತಾಟು ಆಗ ಬೇಡ, ಒದ್ದೆ ಬಟ್ಟೆಗೆ ರೆಕ್ಕೆ ಮೆತ್ತಿಕೊಂಡು ಇನ್ನೂ ಹರಡುತ್ತೆ. ಮೆತ್ತನೆ ಪೊರಕೆ ಸಾಕು. ಬೈಕ್‌ಗಳನ್ನ ರಿಂಗ್ ಹಿಂದೆ ನಿಲ್ಲಿಸಬೇಡ್ರಿ, ಸ್ಟಾರ್ಟ್ ಮಾಡಿದ ಕೂಡಲೇ ಹೆಡ್‌ಲೈಟ್ ಸೀದಾ ಡ್ರಿಬಲ್ ಮಾಡ್ಕೊಂಡು ಬರೋನ ಕಣ್ಣಿಗೆ. ಕರೆಂಟ್ ಹೋದ್ರೆ ಮಾತ್ರ ಅದೇ ಬೈಕ್‌ಗಳು ಬೇಕು, ಆಡೋಕಲ್ಲ, ಜನ ಎಡವದೆ ಓಡಾಡೋಕೆ. ಕರೆಂಟ್ ಬಂದಾಗ ಡಿಜಿಟಲ್ ಸ್ಕೋರ್‌ಬೋರ್ಡ್ ಎಲ್ಲಾ ಸೊನ್ನೆ ತೋರಿಸುತ್ತೆ. ಟೇಬಲ್‌ನ ಹಾಳೆಯಲ್ಲಿ ಪಾಯಿಂಟ್, ಫೌಲ್ ಇರುತ್ತೆ, ಉಳಿದ ನಿಮಿಷ-ಸೆಕೆಂಡ್ ಇರಲ್ಲ. ಅದಕ್ಕೇ ಗುಂಪಲ್ಲಿ ಒಬ್ಬರಿಗೆ ಒಂದೇ ಕೆಲಸ: ಸೀಟಿ ಬಿದ್ದಾಗಲೆಲ್ಲ ಬೋರ್ಡ್‌ನ ಒಂದು ಫೋಟೊ. ‘ಸರ್, ಎರಡು ನಿಮಿಷ ಹದಿನಾಲ್ಕು ಸೆಕೆಂಡ್ ಇತ್ರಿ, ನೋಡ್ರಿ ಇಲ್ಲಿ’ ಅಂತ ಫೋನ್ ಚಾಚಿದ್ರೆ ಎರಡೂ ತಂಡದ ಕೋಚ್‌ಗಳು ಸುಮ್ಮನಾಗ್ತಾರೆ.

ಮ್ಯಾಚ್ ಮುಗೀತು. ಗೆದ್ದವರ ಸೆಲ್ಫಿ ಒಂದು ಕಡೆ, ‘ಆ ಫೌಲ್ ಫೌಲೇ ಅಲ್ಲ’ ಅನ್ನೋ ವಾದ ಇನ್ನೊಂದು ಕಡೆ. ಮಧ್ಯಾಹ್ನ ಬಂದಿದ್ದ ಅದೇ ಇಬ್ಬರು ಮತ್ತೆ ಪೊರಕೆ ಹಿಡಿದಿದಾರೆ. ಪೂರ್ತಿ ಲೈಟ್ ಆರಿಸೋಕೆ ಮುಂಚೆ ರಿಂಗ್ ಕೆಳಗಿನ ಮಂಡಕ್ಕಿ ಎತ್ತಬೇಕು, ರಾತ್ರಿ ಬಿಟ್ರೆ ಬೆಳಿಗ್ಗೆ ಇರುವೆ ಸಾಲು. ಪ್ರಾಕ್ಟೀಸ್‌ಗೆ ಹುಡುಗಿಯರ ಬ್ಯಾಚ್ ಆರಕ್ಕೇ ಬರುತ್ತೆ. ಮತ್ತೆ ಅಲಾರಂ ನಾಲ್ಕೂಕಾಲಕ್ಕೇ, ನಾಳೆ ಪ್ಲೇಆಫ್ ಸರಣಿಯ ಗೇಮ್ ಫೈವ್ ಇದೆ.