ನಿಮ್ಮ ಯೂನಿವರ್ಸಿಟಿ ಜೆರ್ಸಿ ಯಾವ ಬಣ್ಣ?

ನಮಸ್ಕಾರ. ಹೋದ ವಾರದ ವಿಡಿಯೋ ಕೆಳಗೆ ಒಬ್ಬರು ಬರೆದಿದ್ದಾರೆ: "ಅಣ್ಣಾ, ಯೂನಿವರ್ಸಿಟಿ ಅಥ್ಲೆಟಿಕ್ಸ್ ಯಾರು ನೋಡ್ತಾರೆ? ಗ್ರೇಸ್ ಮಾರ್ಕ್ಸ್‌ಗೆ ಓಡೋ ಹುಡುಗರು." ಓದಿ ನನ್ನ ಕಾಫಿ ಆರಿಹೋಯಿತು.

ನೋಡಬೇಕಾದವರು ನೀವೇ ಸ್ವಾಮಿ! ಮೂರು ವರ್ಷ ಡಿಗ್ರಿ ಓದಿದಿರಿ. ನಿಮ್ಮ ಯೂನಿವರ್ಸಿಟಿ ಜೆರ್ಸಿ ಯಾವ ಬಣ್ಣ? ಗೊತ್ತಿಲ್ಲ. ಆರ್‌ಸಿಬಿಯವರು ಯಾವಾಗ ಹಸಿರು ಹಾಕುತ್ತಾರೆ ಅಂತ ಮಾತ್ರ ಗೊತ್ತು. ಒಂದು ದಿನ ಹೋಗಿ ಗ್ಯಾಲರಿಯಲ್ಲಿ ಕೂತುಕೊಳ್ಳಿ, ಆಮೇಲೆ ಮಾತಾಡಿ.

2020ರ ಜನವರಿ. ಮೂಡುಬಿದಿರೆಯ ಸ್ವರಾಜ್ ಮೈದಾನದಲ್ಲಿ ಆಲ್ ಇಂಡಿಯಾ ಇಂಟರ್ ಯೂನಿವರ್ಸಿಟಿ ಅಥ್ಲೆಟಿಕ್ಸ್ ನಡೆಯಿತು. ಗೆದ್ದದ್ದು ನಮ್ಮ ಮಂಗಳೂರು ಯೂನಿವರ್ಸಿಟಿ. ನಿಮ್ಮ ವಾಟ್ಸಾಪಿಗೆ ಬಂತಾ? ಇಲ್ಲ. ಮರುತಿಂಗಳು ಏನು ಬಂತು? ಅದೇ ಮೂಡುಬಿದಿರೆ ಕಡೆಯ ಶ್ರೀನಿವಾಸ ಗೌಡರು ಐಕಳ ಕಂಬಳದಲ್ಲಿ 142.5 ಮೀಟರನ್ನು 13.62 ಸೆಕೆಂಡಲ್ಲಿ ಓಡಿದ್ದು. ಬೋಲ್ಟ್‌ಗಿಂತ ಜಾಸ್ತಿ ಸ್ಪೀಡ್ ಅಂತ ಇಡೀ ದೇಶ ಕ್ಯಾಲ್ಕುಲೇಟರ್ ಹಿಡಿಯಿತು. ಗೌಡರ ಮೇಲೆ ನನಗೆ ಗೌರವ ಇದೆ. ಕೋಣಗಳ ಮೇಲೆ ಇನ್ನೂ ಜಾಸ್ತಿ ಇದೆ. ಆದರೆ ಅದೇ ಊರಿನ ಸಿಂಥೆಟಿಕ್ ಟ್ರ್ಯಾಕ್ ಮೇಲೆ ಸ್ಪೈಕ್ಸ್ ಹಾಕಿ ಓಡಿದವರು ನಿಮ್ಮ ಕಣ್ಣಿಗೆ ಬೀಳಲಿಲ್ಲ ಅಲ್ವಾ?

"ಸ್ಟಾರ್‌ಗಳೇ ಇರಲ್ಲ ಬ್ರೋ." ಹೌದಾ? 2022ರಲ್ಲಿ ಖೇಲೋ ಇಂಡಿಯಾ ಯೂನಿವರ್ಸಿಟಿ ಗೇಮ್ಸ್ ಬೆಂಗಳೂರಲ್ಲೇ ಆಯಿತು. 200 ಮೀಟರಲ್ಲಿ ಒಲಿಂಪಿಕ್ಸ್‌ನಲ್ಲಿ ಓಡಿ ಬಂದ ದ್ಯುತಿ ಚಂದ್ ಅವರನ್ನೇ ನಮ್ಮ ಕರ್ನಾಟಕದ ಪ್ರಿಯಾ ಮೋಹನ್ ಹಿಂದೆ ಹಾಕಿದರು. ಆವತ್ತು ಎಲ್ಲಿದ್ದಿರಿ? ಐಪಿಎಲ್ ಸೀಸನ್, ಸೋಫಾ ಮೇಲೆ. ಹೋಗಿ ಕೂತುಕೊಳ್ಳಿ ಅಂದರೆ ಸೋಫಾ ಮೇಲಲ್ಲ!

ಇನ್ನೊಬ್ಬರಿಗೆ ಅಮೆರಿಕ ನೆನಪಾಗುತ್ತದೆ. ಮಿಷಿಗನ್ ಯೂನಿವರ್ಸಿಟಿ ಫುಟ್‌ಬಾಲ್ ಸ್ಟೇಡಿಯಂನಲ್ಲಿ ಲಕ್ಷಕ್ಕೂ ಜಾಸ್ತಿ ಸೀಟು ಇವೆಯಂತೆ. ಇವೆ, ಇವೆ. ಅಲ್ಲಿ ಜನ ಟಿಕೆಟ್‌ಗೆ ದುಡ್ಡು ಕೊಟ್ಟು ಬರುತ್ತಾರೆ. ಇಲ್ಲಿ ಫ್ರೀ ಅಂದರೂ ಬರಲ್ಲ.

ನಮ್ಮ ಡಿಗ್ರಿ ದಿನಗಳ ಇಂಟರ್ ಕಾಲೇಜಿಯೇಟ್ ಮೀಟ್. ಸುಣ್ಣದ ಗೆರೆ ಎಳೆದ ಮಣ್ಣಿನ ಟ್ರ್ಯಾಕ್, 4x400 ರಿಲೇ. ನೋಡುವುದಕ್ಕೆ ಇದ್ದವರು ಮೂವರು: ಕಾಲೇಜಲ್ಲಿ ಆಟ ಆಡಿಸುವ ಪಿಡಿ ಸರ್, ಆಂಬುಲೆನ್ಸ್ ಡ್ರೈವರ್, ಗ್ಲೂಕೋಸ್ ಹಂಚುವ ನಾನು. ಕೊನೇ ಲೆಗ್ ಹುಡುಗ ಗೆದ್ದು, ಖಾಲಿ ಗ್ಯಾಲರಿ ಕಡೆ ತಿರುಗಿ ಬ್ಯಾಟನ್ ಎತ್ತಿದ. ಡ್ರೈವರ್ ಎರಡು ಸಲ ಹಾರ್ನ್ ಹೊಡೆದರು. ಅಷ್ಟೇ ಅವನಿಗೆ ಸಿಕ್ಕ ಚಪ್ಪಾಳೆ. ನಾನು ಯಾಕೆ ಅಲ್ಲಿದ್ದೆ? ಅಟೆಂಡೆನ್ಸ್ ಕೊಡುತ್ತಾರೆ ಅಂತ. ಅದು ಬೇರೆ ವಿಷಯ ಬಿಡಿ.

"ಬಿಸಿಲು ಅಣ್ಣಾ." ಟೋಪಿ ಹಾಕಿ! ನಮ್ಮ ಚಾನೆಲ್ ಟೋಪಿ ಇದೆ, 299 ರೂಪಾಯಿ, ಲಿಂಕ್ ಕೆಳಗಿದೆ. ಸಬ್‌ಸ್ಕ್ರೈಬ್ ಮಾಡಿ, ಟೋಪಿ ತಗೊಳ್ಳಿ, ಹೋಗಿ ಕೂತುಕೊಳ್ಳಿ. ಕೂ-ತು-ಕೊ-ಳ್ಳಿ!

ಕಮೆಂಟ್ ಹಾಕಿದವರೇ, ನಿಮ್ಮ ಜೆರ್ಸಿ ಬಣ್ಣ ಸರಿಯಾಗಿ ಹೇಳಿದರೆ ಟೋಪಿ ಫ್ರೀ. ನನ್ನದಾ? ನನ್ನದು ನೀಲಿ. ತಡೀರಿ, ಮರೂನ್ ಇರಬೇಕು. ಒಂದು ನಿಮಿಷ, ಪಿಡಿ ಸರ್‌ಗೆ ಫೋನ್ ಮಾಡುತ್ತೇನೆ.