ವೀಲುನಾಮೆಗೆ ತಕರಾರು: ಯಾರಿಗೆ ಅರ್ಹತೆ?

ಕೇಳುಗ ಬಂಧುಗಳಿಗೆ ನಮಸ್ಕಾರ.

ಹಿರಿಯರ ಉತ್ತರಕ್ರಿಯೆ ಮುಗಿದು ಕಪಾಟಿನಿಂದ ವೀಲುನಾಮೆಯೊಂದು ಹೊರಬಂದಾಗ, ಅದನ್ನು ಒಪ್ಪದವರು ಮನೆಯಲ್ಲಿ ಒಬ್ಬರಾದರೂ ಇದ್ದೇ ಇರುತ್ತಾರೆ. ಆದರೆ ಒಪ್ಪದವರೆಲ್ಲರ ತಕರಾರನ್ನೂ ನ್ಯಾಯಾಲಯ ಕೇಳುವುದಿಲ್ಲ.

ಮಂಗಳೂರು, ಉಡುಪಿಗಳಲ್ಲಿ ಪ್ರೊಬೇಟ್ (ವೀಲುನಾಮೆ ನಿಜವೆಂದು ನ್ಯಾಯಾಲಯ ಕೊಡುವ ದೃಢೀಕರಣ) ಕಡ್ಡಾಯವಲ್ಲದಿದ್ದರೂ, ಮುಂದೆ ವ್ಯಾಜ್ಯ ಬಾರದಿರಲೆಂದು ವೀಲುನಾಮೆಯಲ್ಲಿ ಹೆಸರಿಸಲಾದ ಎಕ್ಸಿಕ್ಯೂಟರ್, ಅಂದರೆ ಅದನ್ನು ಜಾರಿಗೆ ತರಬೇಕಾದವರು, ಜಿಲ್ಲಾ ನ್ಯಾಯಾಲಯಕ್ಕೆ ಅರ್ಜಿ ಸಲ್ಲಿಸುವುದುಂಟು. ಆಗ 1925ರ ಭಾರತೀಯ ಉತ್ತರಾಧಿಕಾರ ಅಧಿನಿಯಮದ 283ನೆಯ ಕಲಮಿನ ಪ್ರಕಾರ ಆಸ್ತಿಯಲ್ಲಿ ಹಿತಾಸಕ್ತಿ ಉಳ್ಳವರಿಗೆ ನೋಟೀಸು ಹೋಗುತ್ತದೆ; 284ನೆಯ ಕಲಮಿನಡಿ ಅವರು ಕೇವಿಯಟ್, ಅಂದರೆ ತಮ್ಮನ್ನು ಕೇಳದೆ ಪ್ರೊಬೇಟ್ ಕೊಡಬಾರದೆಂಬ ತಕರಾರು, ಹಾಕಬಹುದು. ತಕರಾರು ಎದ್ದರೆ ಅರ್ಜಿಯೇ ದಾವೆಯ ರೂಪ ತಾಳಿ, ಸಾಕ್ಷಿ ವಿಚಾರಣೆ ನಡೆಯುತ್ತದೆ.

ಹಿತಾಸಕ್ತಿ ಎಂದರೇನು? ವೀಲುನಾಮೆ ಬಿದ್ದುಹೋದರೆ ಕಾನೂನಿನಂತೆ ಆಸ್ತಿ ಯಾರಿಗೆ ಬರುತ್ತಿತ್ತೋ ಅವರಿಗೆ ಅದು ಇದೆ. ಹಿಂದಿನ ವೀಲುನಾಮೆಯಲ್ಲಿ ಪಾಲು ಪಡೆದು ಹೊಸದರಲ್ಲಿ ಕಳೆದುಕೊಂಡವರಿಗೂ ಇದೆ. ಬರಿಯ ರಕ್ತಸಂಬಂಧ ಸಾಲದೆಂಬುದನ್ನು 2008ರಲ್ಲಿ ಕೃಷ್ಣಕುಮಾರ್ ಬಿರ್ಲಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿದೆ.

ನಮ್ಮ ಜಿಲ್ಲೆಗಳಲ್ಲಿ ಗೊಂದಲವಾಗುವುದು ಅಳಿಯಸಂತಾನದವರ, ಅಂದರೆ ಹೆಣ್ಣಿನ ವಂಶದಲ್ಲಿ ಆಸ್ತಿ ಇಳಿದುಬರುವ ಕಟ್ಟಿನವರ, ಮನೆಗಳಲ್ಲಿ. ಮಾವನ ಆಸ್ತಿಗೆ ತಾನೇ ಹಕ್ಕುದಾರನೆಂದು ಸೋದರಳಿಯ ಇಂದಿಗೂ ನಂಬಿರುತ್ತಾನೆ. 1956ರ ಹಿಂದೂ ಉತ್ತರಾಧಿಕಾರ ಅಧಿನಿಯಮ ಬಂದ ಮೇಲೆ, ಮಾವನಿಗೆ ಹೆಂಡತಿ ಮಕ್ಕಳಿರುವಾಗ ಅಳಿಯ ಅವನ ವಾರಸುದಾರನಲ್ಲ. ಹಾಗಾಗಿ ಮಾವನ ಸ್ವಯಾರ್ಜಿತ ಆಸ್ತಿಯ ವೀಲುನಾಮೆಗೆ ಅವನ ಕೇವಿಯಟ್ ನಿಲ್ಲದು. ಕುಟುಂಬದ ಆಸ್ತಿಯಲ್ಲಿನ ತನ್ನ ಅವಿಭಕ್ತ ಹಿಸ್ಸೆಯನ್ನು ಸಹ ಮಾವ ವೀಲು ಬರೆಯಬಹುದೆಂದು ಅದೇ ಅಧಿನಿಯಮದ 30ನೆಯ ಕಲಮು ಹೇಳುತ್ತದೆ. ಮಾವ ಬರೆದಿಟ್ಟ ಗದ್ದೆ ಅವನದೇ ಅಲ್ಲ, ಕುಟುಂಬದ್ದು ಎಂಬುದು ಅಳಿಯನ ವಾದವಾದರೆ, ಅದಕ್ಕೆ ಸಿವಿಲ್ ಕೋರ್ಟಿನಲ್ಲಿ ಪ್ರತ್ಯೇಕ ದಾವೆ ಹೂಡಬೇಕು. ಪ್ರೊಬೇಟ್ ನ್ಯಾಯಾಲಯ ನೋಡುವುದು ವೀಲುನಾಮೆ ನಿಜವೇ ಎಂಬುದನ್ನು, ಆಸ್ತಿ ಯಾರದೆಂಬುದನ್ನಲ್ಲ. ಇದನ್ನು ತಿಳಿಯದೆ ವರ್ಷಗಟ್ಟಲೆ ಕೋರ್ಟಿಗೆ ಅಲೆಯುವವರನ್ನು ಕಂಡರೆ ಮರುಕವಾಗುತ್ತದೆ.

ಅಳಿಯಸಂತಾನದ ಗಂಡನ ಸ್ಥಿತಿ ಇನ್ನೂ ವಿಚಿತ್ರ. ಹಿಂದೂ ಉತ್ತರಾಧಿಕಾರ ಅಧಿನಿಯಮದ 17ನೆಯ ಕಲಮಿನಂತೆ ಹೆಂಡತಿಯ ಆಸ್ತಿ ಮೊದಲು ಅವಳ ಮಕ್ಕಳಿಗೆ ಹಾಗೂ ತಾಯಿಗೆ ಸೇರುತ್ತದೆ; ಗಂಡನ ಸರದಿ ಅವರ ಅನಂತರ, ಅವಳ ತಂದೆಯ ಜೊತೆಗೆ. ಮಕ್ಕಳಿದ್ದರೆ ಹೆಂಡತಿಯ ವೀಲುನಾಮೆಯನ್ನು ವಾರಸುದಾರನ ನೆಲೆಯಲ್ಲಿ ಪ್ರಶ್ನಿಸುವ ಅವಕಾಶ ಗಂಡನಿಗಿಲ್ಲ.

ಕರೆಸಲೇಬೇಕಾಗಿದ್ದ ವಾರಸುದಾರರಿಗೆ ನೋಟೀಸೇ ಬಾರದೆ ಪ್ರೊಬೇಟ್ ಆಗಿಹೋಗಿದ್ದರೆ, ಅದನ್ನು ರದ್ದುಪಡಿಸಲು 1925ರ ಅಧಿನಿಯಮದ 263ನೆಯ ಕಲಮಿನಡಿ ಅರ್ಜಿ ಕೊಡಬಹುದು. ಮಗಳು ದೂರದ ಊರಿನಲ್ಲಿದ್ದಾಳೆಂದು ಅವಳ ಹೆಸರನ್ನು ಅರ್ಜಿಯಿಂದ ಬಿಟ್ಟ ಅಣ್ಣಂದಿರು ಈ ಕಲಮನ್ನು ನೆನಪಿಡಬೇಕು.